ಮೂರು ಗಂಟೆಗಳ ನೂರ ಹದಿನೇಳು ವರ್ಷ

ಕನ್ನಡದಲ್ಲಿ ಗಂಟೆ ಎಂಬ ಮಾತು ಬಾರಿಸುವ ವಸ್ತುವಿಗೂ ಸಲ್ಲುತ್ತದೆ, ಹೊತ್ತಿಗೂ ಸಲ್ಲುತ್ತದೆ. ಆದುದರಿಂದ ‘ಮೂರು ಗಂಟೆಗಳು ಊರಿಗೆ ಮರಳುವುದಕ್ಕೆ ನೂರ ಹದಿನೇಳು ವರ್ಷ ಹಿಡಿಯಿತು’ ಎಂದು ಬರೆದರೆ ಅದು ಒಗಟಿನಂತೆ ಕೇಳಿಸುತ್ತದೆ. ಫಿಲಿಪ್ಪೀನ್ಸಿನ ಸಾಮಾರ್ ದ್ವೀಪದ ದಕ್ಷಿಣ ಕರಾವಳಿಯಲ್ಲಿರುವ ಬಲಂಗಿಗಾ ಎಂಬ ಸಣ್ಣ ಊರಿನ ಚರ್ಚಿಗೆ ಸೇರಿದ ಮೂರು ಕಂಚಿನ ಗಂಟೆಗಳ ವಿಷಯದಲ್ಲಿ ಆ ಮಾತು ಅಕ್ಷರಶಃ ನಿಜ. 1901ರಲ್ಲಿ ಅಮೆರಿಕದ ಸೈನಿಕರು ಅವುಗಳನ್ನು ಹೊತ್ತುಕೊಂಡು ಹೋದರು. 2018ರ ಡಿಸೆಂಬರಿನಲ್ಲಿ ಅವು ಹಿಂದಿರುಗಿದವು. ನಡುವಿನ ಅಷ್ಟೂ ಕಾಲ ಅವು ಗಂಟೆಗಳಾಗಿರಲಿಲ್ಲ, ಸ್ಮಾರಕಗಳಾಗಿದ್ದವು. ಗಂಟೆಯೊಂದು ಸ್ಮಾರಕವಾಗುವುದೆಂದರೆ ಏನು, ಅದು ಯಾರ ನೆನಪನ್ನು ಕಾಯುತ್ತದೆ, ಒಮ್ಮೆ ಸ್ಮಾರಕವಾದ ಮೇಲೆ ಮತ್ತೆ ಗಂಟೆಯಾಗಬಲ್ಲುದೇ ಎಂಬ ಪ್ರಶ್ನೆಗಳು ಆ ಸುದ್ದಿಯನ್ನು ಓದಿದಂದಿನಿಂದ ನನ್ನನ್ನು ಬಿಟ್ಟಿಲ್ಲ.

ಮೂರೂ ಒಂದೇ ಕಾಲದವಲ್ಲ. ಅವುಗಳ ಮೈಮೇಲೆ ಎರಕದ ವರ್ಷಗಳಿವೆ: 1853, 1889, 1895. ಸಂತ ಫ್ರಾನ್ಸಿಸನ ಸಂಘಕ್ಕೆ ಸೇರಿದ ಪಾದ್ರಿಗಳು ಆ ಊರನ್ನು ನೋಡಿಕೊಳ್ಳುತ್ತಿದ್ದ ಕಾಲವದು. ಆ ಸಂಘದ ಲಾಂಛನವೂ ಅವುಗಳ ಮೇಲಿದೆ. ಲೆಕ್ಕ ಹಾಕಿದರೆ ಹಿರಿಯ ಗಂಟೆ ತನ್ನ ಊರಿನಲ್ಲಿ ನಲವತ್ತೆಂಟು ವರ್ಷ ಬಾಳಿತ್ತು, ನಡುವಿನದು ಹನ್ನೆರಡು ವರ್ಷ, ಎಲ್ಲಕ್ಕಿಂತ ಚಿಕ್ಕದು ಕೇವಲ ಆರು ವರ್ಷ. ಆ ಚಿಕ್ಕದರ ಪಾಲಿಗೆ ಪರದೇಶದ ವಾಸವೇ ಬದುಕು, ಊರಿನದು ಬರಿಯ ಬಾಲ್ಯ.

ಸ್ಪೇನಿನ ಆಳ್ವಿಕೆಯ ಫಿಲಿಪ್ಪೀನ್ಸಿನಲ್ಲಿ ಚರ್ಚಿನ ಗಂಟೆ ಬರಿಯ ಪೂಜೆಯ ಸಾಧನವಾಗಿರಲಿಲ್ಲ. ಹೊಳೆಯ ದಂಡೆಗಳಲ್ಲಿ, ಗುಡ್ಡಗಳ ನಡುವೆ ಚದುರಿ ವಾಸಿಸುತ್ತಿದ್ದ ಜನರನ್ನು ಒಂದೆಡೆ ಕೂಡಿಸಿ, ನಡುವೆ ಚರ್ಚು ಕಟ್ಟಿ, ಸುತ್ತ ಮನೆಗಳನ್ನು ಜೋಡಿಸಿ ಊರು ಮಾಡುವುದು ಅಲ್ಲಿನ ಪಾದ್ರಿಗಳ ಕ್ರಮ. ಹಾಗೆ ನೆಲೆನಿಂತವರನ್ನು ಸ್ಪ್ಯಾನಿಷ್ ಭಾಷೆಯಲ್ಲಿ ‘ಬಾಹೋ ದೆ ಲಾ ಕಾಂಪಾನಾ’, ಅಂದರೆ ಗಂಟೆಯ ಅಡಿಯಲ್ಲಿರುವವರು ಎಂದು ಕರೆಯುತ್ತಿದ್ದರು. ಗಂಟೆಯ ದನಿ ಎಲ್ಲಿಯವರೆಗೆ ಕೇಳಿಸುತ್ತದೋ ಅಲ್ಲಿಯವರೆಗೆ ಊರು. ಅದರಾಚೆಗೆ ಕಾಡು, ಕಂದಾಯ ಕಟ್ಟದವರು, ಪಾದ್ರಿಯ ಮಾತು ಕೇಳದವರು. ಬೆಳಗಿನ, ನಡುಹಗಲಿನ, ಸಂಜೆಯ ಪ್ರಾರ್ಥನೆಗೆ ಅದೇ ದನಿ. ಮದುವೆಗೆ, ಸಾವಿಗೆ, ಬೆಂಕಿ ಬಿದ್ದರೆ, ಕಡಲ್ಗಳ್ಳರು ಬಂದರೆ ಅದೇ ದನಿ. ಆಳುವವರು ತಮ್ಮ ಹತೋಟಿಗಾಗಿ ಏರಿಸಿದ ವಸ್ತು ತಲೆಮಾರುಗಳು ಕಳೆಯುವಷ್ಟರಲ್ಲಿ ಆಳಿಸಿಕೊಂಡವರ ಸ್ವಂತ ಕೊರಳಾಗಿತ್ತು. ಈ ಮಾರ್ಪಾಡು ಯಾವ ದಿನಾಂಕದಂದು ಆಯಿತೆಂದು ಯಾವ ದಾಖಲೆಯೂ ಹೇಳುವುದಿಲ್ಲ. ಆದರೆ 1901ರ ಸೆಪ್ಟೆಂಬರ್ 28ರ ಹೊತ್ತಿಗೆ ಅದು ಪೂರ್ತಿಯಾಗಿತ್ತು ಎಂಬುದಂತೂ ಖಚಿತ.

ಆ ದಿನಕ್ಕೆ ಬರುವ ಮುನ್ನ ಹಿನ್ನೆಲೆಯನ್ನು ಚುಟುಕಾಗಿ ಹೇಳಿಬಿಡುತ್ತೇನೆ. 1898ರ ಡಿಸೆಂಬರಿನ ಪ್ಯಾರಿಸ್ ಒಪ್ಪಂದದಲ್ಲಿ ಸ್ಪೇನು ಎರಡು ಕೋಟಿ ಡಾಲರಿಗೆ ಫಿಲಿಪ್ಪೀನ್ಸನ್ನು ಅಮೆರಿಕಕ್ಕೆ ಬಿಟ್ಟುಕೊಟ್ಟಿತು. ಅದಕ್ಕೂ ಮೊದಲೇ ಸ್ವಾತಂತ್ರ್ಯ ಘೋಷಿಸಿಕೊಂಡಿದ್ದ ಫಿಲಿಪ್ಪಿನೋಗಳು ಹೊಸ ಒಡೆಯನನ್ನು ಒಪ್ಪಲಿಲ್ಲ. 1899ರ ಫೆಬ್ರುವರಿಯಲ್ಲಿ ಯುದ್ಧ ಶುರುವಾಯಿತು. 1901ರ ಮಾರ್ಚಿನಲ್ಲಿ ನಾಯಕ ಎಮಿಲಿಯೋ ಅಗಿನಾಲ್ಡೋ ಸೆರೆಸಿಕ್ಕ ಮೇಲೆ ಯುದ್ಧ ಮುಗಿಯಿತೆಂದು ಅಮೆರಿಕದ ಪತ್ರಿಕೆಗಳು ಬರೆಯುತ್ತಿದ್ದವು. ಆದರೆ ಸಾಮಾರ್ ದ್ವೀಪದಲ್ಲಿ ವಿಸೆಂಟೆ ಲುಕ್ಬಾನ್ ಎಂಬ ಸೇನಾನಿ ಕಾಡಿನೊಳಗಿಂದ ಹೋರಾಟವನ್ನು ಮುಂದುವರಿಸಿದ್ದ. ಅವನಿಗೆ ಕಡಲ ಮೂಲಕ ಅಕ್ಕಿ, ಮದ್ದುಗುಂಡು ತಲುಪದಂತೆ ತಡೆಯುವ ಸಲುವಾಗಿ 9ನೇ ಕಾಲಾಳು ರೆಜಿಮೆಂಟಿನ ಸಿ ಕಂಪನಿ 1901ರ ಆಗಸ್ಟ್ 11ರಂದು ಬಲಂಗಿಗಾಕ್ಕೆ ಬಂದಿಳಿಯಿತು. ಕ್ಯಾಪ್ಟನ್ ಥಾಮಸ್ ಕಾನೆಲ್ ಅದರ ಮುಖ್ಯಸ್ಥ.

ಮೊದಲ ಕೆಲವು ವಾರ ಸೈನಿಕರಿಗೂ ಊರವರಿಗೂ ನಡುವೆ ಹಗೆಯೇನೂ ಇರಲಿಲ್ಲ. ಒಟ್ಟಿಗೆ ಸೇಂದಿ ಕುಡಿದದ್ದುಂಟು, ಆಟವಾಡಿದ್ದುಂಟು. ಅನಂತರ ಊರನ್ನು ‘ಶುಚಿ’ಗೊಳಿಸಬೇಕೆಂಬ ಆಜ್ಞೆ ಹೊರಟಿತು. ಮನೆಗಳ ಸುತ್ತಲಿನ ಗಿಡಬಳ್ಳಿಗಳನ್ನು ಕಡಿಸಬೇಕೆಂದು ಊರಿನ ಗಂಡಸರನ್ನು ಹಿಡಿದು ತಂದರು. ಹದಿನಾರು ಜನರಿಗೆಂದು ಮಾಡಿದ್ದ ಎರಡು ಡೇರೆಗಳಲ್ಲಿ ಅದರ ಹಲವು ಪಟ್ಟು ಜನರನ್ನು ತುಂಬಿ ರಾತ್ರಿ ಕಳೆಯುವಂತೆ ಮಾಡಿದರು. ಮನೆಗಳಲ್ಲಿ ಕೂಡಿಟ್ಟಿದ್ದ ಅಕ್ಕಿಯನ್ನು, ಮಚ್ಚುಗಳನ್ನು ವಶಪಡಿಸಿಕೊಂಡರು. ಅಂಗಡಿ ನೋಡಿಕೊಳ್ಳುತ್ತಿದ್ದ ಹುಡುಗಿಯೊಬ್ಬಳ ಮೇಲೆ ಕುಡಿದ ಸೈನಿಕರು ಕೈಹಾಕಿದರು. ಕಾಡಿನ ಸೇನಾನಿಯ ಆದೇಶದಿಂದ ದಾಳಿ ನಡೆಯಿತೇ, ಊರಿನ ಸಿಟ್ಟಿನಿಂದ ನಡೆಯಿತೇ ಎಂದು ಚರಿತ್ರಕಾರರು ಬಹುಕಾಲ ವಾದಿಸಿದ್ದಾರೆ. ನನಗೆ ಎರಡನೆಯದೇ ಹೆಚ್ಚು ಒಪ್ಪಿಗೆಯಾಗುತ್ತದೆ. ಅಕ್ಕಿ ಕಸಿದವರ ಮೇಲೆ ಸಿಟ್ಟಾಗಲು ಸೇನಾನಿಯ ಪತ್ರ ಬೇಕಾಗುವುದಿಲ್ಲ.

ದಾಳಿಗೆ ಒಂದೆರಡು ದಿನ ಮುಂಚೆ ಅಂಚೆಯ ದೋಣಿ ಬಂದಿತ್ತು. ಅಧ್ಯಕ್ಷ ಮೆಕಿನ್ಲಿ ಗುಂಡೇಟಿನಿಂದ ಸೆಪ್ಟೆಂಬರ್ 14ರಂದು ತೀರಿಕೊಂಡ ಸುದ್ದಿ ಆ ದೂರದ ಠಾಣ್ಯಕ್ಕೆ ತಲುಪಿದ್ದು ಅಷ್ಟು ತಡವಾಗಿ, ಸೈನಿಕರು ಸೂತಕದಲ್ಲಿದ್ದರು. ಹಿಂದಿನ ರಾತ್ರಿ ಚರ್ಚಿನೊಳಕ್ಕೆ ಹೆಂಗಸರು ಸಣ್ಣ ಶವಪೆಟ್ಟಿಗೆಗಳನ್ನು ಹೊತ್ತು ತಂದರೆಂದೂ, ಕಾಲರಾದಿಂದ ಸತ್ತ ಮಕ್ಕಳೆಂದು ಹೇಳಿದರೆಂದೂ, ಹೆಂಗಸರಂತೆ ಉಟ್ಟಿದ್ದವರು ಗಂಡಸರಾಗಿದ್ದರೆಂದೂ, ಪೆಟ್ಟಿಗೆಗಳಲ್ಲಿ ಮಚ್ಚುಗಳಿದ್ದವೆಂದೂ ಬದುಕುಳಿದ ಸೈನಿಕರು ಮುಂದೆ ಹೇಳಿದ್ದಾರೆ. ಮರುದಿನ ಬೆಳಗ್ಗೆ ಆರೂವರೆಯ ಸುಮಾರಿಗೆ ಕಂಪನಿ ತಿಂಡಿಗೆ ಕುಳಿತಿತ್ತು, ಬಂದೂಕುಗಳು ಬಿಡಾರಗಳಲ್ಲಿದ್ದವು. ಊರಿನ ಪೊಲೀಸ್ ಮುಖ್ಯಸ್ಥ ವಲೇರಿಯಾನೋ ಅಬನಾಡೋರ್ ಕಾವಲುಗಾರನ ಬಳಿ ನಡೆದುಹೋಗುತ್ತ ಅವನ ಬಂದೂಕನ್ನು ಕಿತ್ತು, ಅದರ ಹಿಡಿಯಿಂದ ಅವನ ತಲೆಗೆ ಹೊಡೆದು ಕೂಗು ಹಾಕಿದ. ಆಗ ಚರ್ಚಿನ ಗಂಟೆ ಬಾರಿಸಿತು.

ಸಿ ಕಂಪನಿಯ 74 ಮಂದಿಯಲ್ಲಿ 48 ಮಂದಿ ಸತ್ತರು. ಕ್ಯಾಪ್ಟನ್ ಕಾನೆಲ್ ಸೇರಿ ಮೂವರು ಅಧಿಕಾರಿಗಳೂ ಉಳಿಯಲಿಲ್ಲ. 1876ರಲ್ಲಿ ಲಿಟಲ್ ಬಿಗ್‌ಹಾರ್ನ್ ನದಿಯ ಬಳಿ ಕಸ್ಟರನ ದಳ ನಾಶವಾದ ಬಳಿಕ ತಮ್ಮ ಸೇನೆಗೆ ಇಂಥ ಪೆಟ್ಟು ಬಿದ್ದಿರಲಿಲ್ಲವೆಂದು ಅಮೆರಿಕದಲ್ಲಿ ಹೋಲಿಸಿದರು. ಗಾಯಗೊಂಡವರು ದೋಣಿಗಳನ್ನೇರಿ ಕರಾವಳಿಯುದ್ದಕ್ಕೂ ಹುಟ್ಟುಹಾಕಿ ಬಾಸೇಯ ಠಾಣ್ಯವನ್ನು ಸೇರಿದರು. ಮರುದಿನವೇ ಅಲ್ಲಿಂದ ಹೊರಟ ತುಕಡಿ ಬಲಂಗಿಗಾಕ್ಕೆ ಬಂದು, ತನ್ನವರನ್ನು ಹೂಳಿ, ಊರಿಗೆ ಬೆಂಕಿಯಿಟ್ಟಿತು.

ಆಮೇಲಿನದನ್ನು ಬೇಗ ದಾಟಿಹೋಗುವಂತಿಲ್ಲ. ಬ್ರಿಗೇಡಿಯರ್ ಜನರಲ್ ಜೇಕಬ್ ಸ್ಮಿತ್, ಮೇಜರ್ ಲಿಟಲ್‌ಟನ್ ವಾಲರನಿಗೆ ಕೊಟ್ಟ ಆಜ್ಞೆ ಸೇನಾ ನ್ಯಾಯಾಲಯದ ದಾಖಲೆಗಳಲ್ಲಿದೆ: ಸೆರೆಯಾಳುಗಳು ಬೇಡ; ಕೊಲ್ಲಬೇಕು, ಸುಡಬೇಕು; ಸಾಮಾರಿನ ಒಳನಾಡನ್ನು ಗೋಳಿಡುವ ಬೆಂಗಾಡಾಗಿಸಬೇಕು. ಎಷ್ಟು ವಯಸ್ಸಿನವರನ್ನು ಎಂದು ವಾಲರ್ ಕೇಳಿದಾಗ ಬಂದ ಉತ್ತರ, ಹತ್ತು ವರ್ಷಕ್ಕೆ ಮೇಲ್ಪಟ್ಟವರನ್ನು. ವಾಲರ್ ಆ ಆಜ್ಞೆಯನ್ನು ಅಕ್ಷರಶಃ ಪಾಲಿಸಲಿಲ್ಲ ಎನ್ನುವುದು ನಿಜ. ಆದರೂ ಹನ್ನೊಂದು ದಿನಗಳ ಕಾರ್ಯಾಚರಣೆಯ ಕುರಿತು ಅವನೇ ಕೊಟ್ಟ ವರದಿಯಲ್ಲಿ 255 ಮನೆಗಳನ್ನು ಸುಟ್ಟ, 13 ಎಮ್ಮೆಗಳನ್ನು ಹೊಡೆದ, 39 ಜನರನ್ನು ಕೊಂದ ಲೆಕ್ಕವಿದೆ. ಮನೆ, ಎಮ್ಮೆ, ಮನುಷ್ಯ ಮೂರನ್ನೂ ಒಂದೇ ಸಾಲಿನಲ್ಲಿ ಎಣಿಸಿದ ಆ ಬರಹವನ್ನು ಓದಿದಾಗ ನನಗೆ ಕೊಲೆಗಿಂತ ಕರಣಿಕತನವೇ ಹೆಚ್ಚು ಭಯ ಹುಟ್ಟಿಸಿತು. 1902ರಲ್ಲಿ ಇಬ್ಬರನ್ನೂ ವಿಚಾರಣೆಗೆ ಗುರಿಪಡಿಸಿದರು. ವಾಲರ್ ನಿರ್ದೋಷಿಯಾದ, ಸ್ಮಿತ್ ವಾಗ್ದಂಡನೆಗೆ ಒಳಗಾಗಿ, ಅಧ್ಯಕ್ಷ ರೂಸ್‌ವೆಲ್ಟರ ಆದೇಶದಂತೆ ನಿವೃತ್ತಿ ಪಡೆದ.

ಗಂಟೆಗಳನ್ನು ಕೊಂಡೊಯ್ದದ್ದು ಸುಟ್ಟ ಊರಿನಿಂದ. ಮನೆಗಳು ಬಿದಿರು, ತಾಳೆಗರಿಗಳವು, ಅವು ಬೂದಿಯಾದವು. ಕಂಚು ಹಾಗೆ ಬೂದಿಯಾಗುವುದಿಲ್ಲ. ಗಂಟೆಗೆಂದು ಎರೆಯುವ ಕಂಚಿನಲ್ಲಿ ಹೆಚ್ಚುಕಡಿಮೆ ಮುಕ್ಕಾಲು ಪಾಲಿಗಿಂತ ಮಿಕ್ಕು ತಾಮ್ರ, ಉಳಿದದ್ದು ತವರ. ದನಿಗಾಗಿ ತವರವನ್ನು ಹೆಚ್ಚಿಸಿದಷ್ಟೂ ಲೋಹ ಗಡಸಾಗುತ್ತದೆ, ಜೊತೆಗೆ ಪೆಡಸೂ ಆಗುತ್ತದೆ. ಅಂಥ ಲೋಹಕ್ಕೆ ಯುದ್ಧಕಾಲದಲ್ಲಿ ಯಾವಾಗಲೂ ಬೇಡಿಕೆ. ಶತ್ರುವಿನ ಗಂಟೆಯನ್ನು ಕರಗಿಸಿ ತೋಪು ಎರೆಯಿಸುವುದು, ತೋಪನ್ನು ಕರಗಿಸಿ ಗಂಟೆ ಎರೆಯಿಸುವುದು ಯುರೋಪಿನ ಹಳೆಯ ಪದ್ಧತಿ. ಬಲಂಗಿಗಾದ ಗಂಟೆಗಳು ಕರಗದೆ ಉಳಿದದ್ದಕ್ಕೆ ಕಾರಣ ದಯೆಯಲ್ಲ, ಅವು ಸಾಕ್ಷಿಗಳಾಗಿ ಬೇಕಾಗಿದ್ದವು ಅಷ್ಟೆ. 48 ಮಂದಿಯ ಸಾವಿಗೆ ಕರೆಕೊಟ್ಟ ದನಿ ಇದು ಎಂದು ಬೊಟ್ಟುಮಾಡಿ ತೋರಿಸಲು ಒಂದು ವಸ್ತು ಬೇಕಿತ್ತು.

ಇಲ್ಲಿ ಒಂದು ವಿಚಿತ್ರವಿದೆ. ಆ ಬೆಳಗ್ಗೆ ಸನ್ನೆ ಕೊಟ್ಟದ್ದು 1895ರ ಚಿಕ್ಕ ಗಂಟೆ ಎಂಬುದು ಸಾಮಾನ್ಯವಾದ ಅಭಿಪ್ರಾಯ. ಅದು ನಿಜವಾದರೆ ಉಳಿದ ಎರಡು ದೊಡ್ಡ ಗಂಟೆಗಳು ಏನೂ ಮಾಡಿರಲಿಲ್ಲ. ಒಂದು ಬಾರಿಸಿದ್ದಕ್ಕೆ ಮೂರು ಸೆರೆಹೋದವು. ಚಿಕ್ಕದನ್ನು 9ನೇ ರೆಜಿಮೆಂಟು ತನ್ನದೆಂದು ಇಟ್ಟುಕೊಂಡಿತು. ರೆಜಿಮೆಂಟು ಹೋದಲ್ಲಿಗೆಲ್ಲ ಅದೂ ಹೋಯಿತು, ಕೊನೆಗೆ ದಕ್ಷಿಣ ಕೊರಿಯಾದ ಕ್ಯಾಂಪ್ ರೆಡ್ ಕ್ಲೌಡ್ ಎಂಬ ಸೇನಾ ನೆಲೆಯಲ್ಲಿ ತಂಗಿತು. ‘ನಿರಪರಾಧಿ’ಗಳಾದ ದೊಡ್ಡವೆರಡು 11ನೇ ಕಾಲಾಳು ರೆಜಿಮೆಂಟಿನ ಜೊತೆ 1904ರಲ್ಲಿ ವಯೋಮಿಂಗ್ ರಾಜ್ಯದ ಶಯೆನ್ ನಗರದ ಪಕ್ಕದ ಫೋರ್ಟ್ ಡಿ. ಎ. ರಸೆಲ್ ಎಂಬ ದಂಡಿನ ನೆಲೆಗೆ ಬಂದವು. ಇಂದು ಅದರ ಹೆಸರು ಎಫ್. ಇ. ವಾರನ್ ವಾಯುಪಡೆ ನೆಲೆ; ನೆಲದಡಿಯ ಅಣ್ವಸ್ತ್ರ ಕ್ಷಿಪಣಿಗಳನ್ನು ಕಾಯುವ ಜಾಗ. ಉಷ್ಣವಲಯದ ಕಡಲತಡಿಯಲ್ಲಿ ಹುಟ್ಟಿದ ಗಂಟೆಗಳು ಹಿಮ ಸುರಿಯುವ ಆ ಬಯಲಿನಲ್ಲಿ ಶತಮಾನಕ್ಕೂ ಹೆಚ್ಚು ಕಾಲ ಉಳಿದವು, ಕೊನೆಗೆ ಇಟ್ಟಿಗೆಯ ಗೋಡೆಯೊಂದರಲ್ಲಿ ನಿಂತವು. ಆ ತಾಣಕ್ಕೆ ಇದ್ದ ಹೆಸರು ಟ್ರೋಫಿ ಪಾರ್ಕ್.

ಆ ಹೆಸರಿನಲ್ಲೇ ಇಡೀ ತಕರಾರು ಅಡಗಿದೆ. ಟ್ರೋಫಿ ಎಂದರೆ ಗೆದ್ದು ತಂದದ್ದು. ಸ್ಮಾರಕ ಎಂದರೆ ಕಳೆದುಕೊಂಡದ್ದರ ಗುರುತು. ಒಂದೇ ವಸ್ತು ಎರಡೂ ಆಗಬಹುದೇ? ವಯೋಮಿಂಗಿನ ಮಾಜಿ ಯೋಧರ ಸಂಘಟನೆಗಳು ಗಂಟೆಗಳನ್ನು ಮರಳಿಸಬಾರದೆಂದು ದಶಕಗಳ ಕಾಲ ಪಟ್ಟು ಹಿಡಿದಾಗ ಅವರು ಮುಂದಿಟ್ಟ ವಾದ ಗೆಲುವಿನದಲ್ಲ, ಶೋಕದ್ದು. ತಿಂಡಿಯ ತಟ್ಟೆಯ ಮುಂದೆ ಕುಳಿತಿದ್ದಾಗ ಸತ್ತ ಹುಡುಗರ ನೆನಪಿಗೆ ಅವೆರಡೇ ಗುರುತುಗಳು. ಇಂದು ಇವನ್ನು ಬಿಟ್ಟುಕೊಟ್ಟರೆ ನಾಳೆ ಯಾವ ಸ್ಮಾರಕವೂ ಉಳಿಯದು ಎಂಬ ಅಂಜಿಕೆ. ಈ ವಾದವನ್ನು ಮೊದಲು ಓದಿದಾಗ ನಾನು ಸಲೀಸಾಗಿ ತಳ್ಳಿಹಾಕಿದ್ದೆ. ಈಗ ಅಷ್ಟು ಸಲೀಸಲ್ಲ. ಸತ್ತ ಆ ಸೈನಿಕರಲ್ಲಿ ಬಹಳಷ್ಟು ಮಂದಿ ಎಳೆಯರು, ಫಿಲಿಪ್ಪೀನ್ಸನ್ನು ಎರಡು ಕೋಟಿ ಡಾಲರಿಗೆ ಕೊಂಡವರು ಅವರಲ್ಲ. ಅವರಿಗೂ ಅಳುವವರು ಬೇಕು.

ಆದರೆ ಅಳುವುದಕ್ಕೆ ಬೇರೆಯವರ ಗಂಟೆಯೇ ಏಕೆ ಬೇಕು ಎಂಬಲ್ಲಿ ನನ್ನ ಸಮ್ಮತಿ ನಿಂತುಬಿಡುತ್ತದೆ. ನಮ್ಮ ವೀರಗಲ್ಲುಗಳನ್ನು ನೋಡಿ: ತುರುಗಳ್ಳರೊಡನೆ ಕಾದಿ ಮಡಿದವನ ಕಲ್ಲನ್ನು ಅವನ ಊರಿನವರು ತಮ್ಮ ನೆಲದಲ್ಲಿ, ತಮ್ಮ ಕಲ್ಲಿನಿಂದ ಕಡೆದು ನಿಲ್ಲಿಸುತ್ತಿದ್ದರು. ಎದುರಾಳಿಯ ಊರಿನ ವಸ್ತುವನ್ನು ತಂದು ನಿಲ್ಲಿಸಿದರೆ ಅದು ಸತ್ತವನಿಗಿಂತ ಹೆಚ್ಚಾಗಿ ಸೇಡಿನ ಕಥೆಯನ್ನೇ ಹೇಳುತ್ತದೆ. ಇನ್ನೂ ಒಂದು ಮಾತು. ಗೋಡೆಯಲ್ಲಿ ಕೂರಿಸಿದ ಗಂಟೆಯನ್ನು ಯಾರೂ ಬಾರಿಸುವುದಿಲ್ಲ. ಸ್ಮಾರಕವಾಗಿ ಉಳಿಯಬೇಕಾದರೆ ಅದು ಸುಮ್ಮನಿರಬೇಕು. ಬಾರಿಸಿದರೆ ಸಾವಿನ ಸನ್ನೆಯನ್ನು ಮತ್ತೆ ಕೊಟ್ಟಂತಾಗುತ್ತದೆ. ಹೀಗೆ ಗಂಟೆಯನ್ನು ಗಂಟೆಯನ್ನಾಗಿಸುವ ಒಂದೇ ಗುಣವನ್ನು ಕಳೆದ ಮೇಲಷ್ಟೇ ಅದು ಆ ಗೋಡೆಗೆ ಒಗ್ಗಿತು.

ಮರಳಿ ಕೇಳುವ ಕೆಲಸ ನಿಧಾನವಾಗಿ ಆರಂಭವಾಯಿತು. 1957ರಲ್ಲಿ ಜೆಸ್ವಿಟ್ ಪಾದ್ರಿಯೂ ಚರಿತ್ರಕಾರರೂ ಆದ ಹೊರಾಸಿಯೋ ದೆ ಲಾ ಕೋಸ್ಟಾ ಅವರು ಅಮೆರಿಕದ ವಾಯುಪಡೆಗೆ ಪತ್ರ ಬರೆದರು. 1989ರಲ್ಲಿ ಫಿಲಿಪ್ಪೀನ್ಸ್ ಸರ್ಕಾರ ಸೆಪ್ಟೆಂಬರ್ 28ನ್ನು ಪೂರ್ವ ಸಾಮಾರ್ ಪ್ರಾಂತ್ಯಕ್ಕೆ ರಜಾದಿನವೆಂದು ಕಾಯ್ದೆ ಮಾಡಿತು. ತೊಂಬತ್ತರ ದಶಕದಲ್ಲಿ ಅಧ್ಯಕ್ಷ ಫಿಡೆಲ್ ರಾಮೋಸ್, 1998ರ ಸ್ವಾತಂತ್ರ್ಯ ಶತಮಾನೋತ್ಸವದ ಹೊತ್ತಿಗಾದರೂ ಗಂಟೆಗಳು ಬರಲೆಂದು ಅಧ್ಯಕ್ಷ ಕ್ಲಿಂಟನ್ ಅವರಲ್ಲಿ ಪ್ರಸ್ತಾಪಿಸಿದರು. ವಯೋಮಿಂಗಿನ ಎರಡನ್ನೂ ಪಡಿಯಚ್ಚು ತೆಗೆದು, ಒಂದು ಮೂಲ ಒಂದು ನಕಲು ಎಂಬಂತೆ ಇಬ್ಬರೂ ಹಂಚಿಕೊಳ್ಳೋಣ ಎಂಬ ರಾಜಿಯ ಸೂತ್ರವೂ ಬಂತು. ದಾಯಾದಿಗಳ ಪಾಲುಪಟ್ಟಿಯಂಥ ಈ ಸೂತ್ರ ಯಾರಿಗೂ ಹಿಡಿಸಲಿಲ್ಲ.

ಬದಲಿಗೆ ಬಾಗಿಲು ಇನ್ನಷ್ಟು ಬಿಗಿಯಾಯಿತು. ಯೋಧರ ಸ್ಮಾರಕವಾಗಿರುವ ಯಾವ ವಸ್ತುವನ್ನೂ, ಅದಕ್ಕೆಂದೇ ಕಾನೂನು ಮಾಡದ ಹೊರತು, ಪರದೇಶಕ್ಕೆ ಮರಳಿಸಬಾರದು ಎಂಬ ನಿಯಮವನ್ನು ಅಮೆರಿಕದ ಸಂಸತ್ತು 1999ರ ರಕ್ಷಣಾ ಕಾಯ್ದೆಯಲ್ಲಿ ಸೇರಿಸಿತು. ಯುದ್ಧದ ಕೊಳ್ಳೆಯಾಗಿ ಬಂದದ್ದು ಈಗ ಕಾನೂನಿನ ಪರಿಭಾಷೆಯಲ್ಲಿಯೇ ಸ್ಮಾರಕವಾಗಿತ್ತು. 2005ರಲ್ಲಿ ವಯೋಮಿಂಗಿನ ಯೋಧರ ಆಯೋಗವೇ ಮರಳಿಸುವ ಪರವಾಗಿ ನಿಂತರೂ ಆ ರಾಜ್ಯದ ಗವರ್ನರು ಒಪ್ಪಲಿಲ್ಲ. ಗಮನಿಸಬೇಕಾದದ್ದೇನೆಂದರೆ, ಆ ಹೊತ್ತಿಗೆ ಅಮೆರಿಕದ ಮಾಜಿ ಯೋಧರಲ್ಲೂ ಒಮ್ಮತವಿರಲಿಲ್ಲ. ಗಂಟೆಗಳ ಪರವಾಗಿ ಓಡಾಡಿದವರಲ್ಲಿ ಅವರದೇ ಸೇನೆಯ ನಿವೃತ್ತರೂ ಇದ್ದರು. ಎರಡನೆಯ ಮಹಾಯುದ್ಧದಲ್ಲಿ ಎರಡೂ ದೇಶದವರು ಒಂದೇ ಪಕ್ಷದಲ್ಲಿ ಕಾದಿದ್ದರು. ಅಮೆರಿಕದ ಸೇನಾನಿ ಡಗ್ಲಸ್ ಮಕಾರ್ಥರ್ 1944ರ ಅಕ್ಟೋಬರಿನಲ್ಲಿ ಸೇನೆಯೊಡನೆ ಬಂದಿಳಿದ ಲೇಟೆ ಕೊಲ್ಲಿ ಬಲಂಗಿಗಾದ ಕಡಲೇ.

2017ರ ಜುಲೈಯಲ್ಲಿ ಅಧ್ಯಕ್ಷ ಡುಟರ್ಟೆ ತಮ್ಮ ವಾರ್ಷಿಕ ಭಾಷಣದಲ್ಲಿ ಅಮೆರಿಕದ ರಾಯಭಾರಿಯ ಎದುರೇ ಗಂಟೆಗಳು ನಮ್ಮವು, ಹಿಂದಿರುಗಿಸಿ ಎಂದರು. ಅದೇ ವರ್ಷದ ಕೊನೆಯಲ್ಲಿ ಬಂದ ಅಮೆರಿಕದ ರಕ್ಷಣಾ ಕಾಯ್ದೆ ಈ ಗಂಟೆಗಳಿಗೆ ವಿನಾಯಿತಿ ಕೊಟ್ಟಿತು. 2018ರ ನವೆಂಬರ್ 14ರಂದು ರಕ್ಷಣಾ ಕಾರ್ಯದರ್ಶಿ ಜಿಮ್ ಮ್ಯಾಟಿಸ್, ತಾವೇ ಮಾಜಿ ಸೈನಿಕರಾಗಿ, ವಾರನ್ ನೆಲೆಗೆ ಬಂದು ಗಂಟೆಗಳನ್ನು ಫಿಲಿಪ್ಪೀನ್ಸಿನ ರಾಯಭಾರಿಗೆ ಒಪ್ಪಿಸುವ ಸಮಾರಂಭ ನಡೆಸಿದರು. ವಯೋಮಿಂಗಿನ ಎರಡು, ಕೊರಿಯಾದ ಒಂದು, ಮೂರೂ ಒಟ್ಟುಗೂಡಿ ಡಿಸೆಂಬರ್ 11ರಂದು ಜಪಾನಿನ ಓಕಿನಾವಾದಿಂದ ಸಿ-130 ವಿಮಾನದಲ್ಲಿ ಮನಿಲಾಕ್ಕೆ ಬಂದಿಳಿದವು. ಆ ವಿಮಾನಕ್ಕೆ ಇಟ್ಟಿದ್ದ ಹೆಸರು ‘ಸ್ಪಿರಿಟ್ ಆಫ್ ಮಕಾರ್ಥರ್’. ಹೆಸರಿಟ್ಟವರ ಮನಸ್ಸಿನಲ್ಲಿ ಇದ್ದದ್ದು ಲೇಟೆಗೆ ಬಂದ ಮಗನೇ ಇರಬೇಕು. ಆದರೆ ಅವನ ತಂದೆ ಆರ್ಥರ್ ಮಕಾರ್ಥರ್, ಬಲಂಗಿಗಾ ಹತ್ತಿ ಉರಿಯುವುದಕ್ಕೆ ಮೂರು ತಿಂಗಳ ಹಿಂದಿನವರೆಗೂ ಆ ದ್ವೀಪಗಳಲ್ಲಿದ್ದ ಅಮೆರಿಕದ ಸೇನೆಯ ಮುಖ್ಯಸ್ಥನಾಗಿದ್ದ. ಚರಿತ್ರೆ ಕೆಲವೊಮ್ಮೆ ಹೀಗೆ ಗೊತ್ತಿಲ್ಲದೆ ಕೀಟಲೆ ಮಾಡುತ್ತದೆ.

ಡಿಸೆಂಬರ್ 15ರಂದು ಗಂಟೆಗಳು ಊರನ್ನು ತಲುಪಿದವು. ಚೌಕದಲ್ಲಿ ಆ ಬೆಳಗಿನ ದಾಳಿಯನ್ನು ತೋರಿಸುವ ಶಿಲ್ಪವಿದೆ. ತಿಂಡಿಗೆ ಕುಳಿತ ಸೈನಿಕರು, ಮಚ್ಚೆತ್ತಿದ ಊರವರು, ಇಬ್ಬರೂ ಅದರಲ್ಲಿದ್ದಾರೆ. ಪ್ರತಿ ವರ್ಷ ಊರಿನ ಜನ ಆ ಘಟನೆಯನ್ನು ಆಡಿ ತೋರಿಸುತ್ತಾರೆ. ಅಂದರೆ ನೆನಪಿಟ್ಟುಕೊಳ್ಳಲು ಬಲಂಗಿಗಾಕ್ಕೆ ಗಂಟೆಗಳ ಅಗತ್ಯ ಇರಲಿಲ್ಲ. ಸ್ಮಾರಕ ಅದಕ್ಕೆ ಮೊದಲೇ ಇತ್ತು. ಬೇಕಾಗಿದ್ದದ್ದು ಬಾರಿಸುವುದಕ್ಕೆ. ಅವನ್ನು ಗಾಜಿನ ಪೆಟ್ಟಿಗೆಯಲ್ಲಿಟ್ಟು ಕಾಯಬೇಕೆಂದು ಯಾರಾದರೂ ಹಟ ಹಿಡಿದಿದ್ದರೆ ವಯೋಮಿಂಗಿನ ಗೋಡೆಯನ್ನೇ ಇಲ್ಲಿ ಮತ್ತೆ ಕಟ್ಟಿದಂತಾಗುತ್ತಿತ್ತು ಎಂದು ನನಗೆ ಅನ್ನಿಸುತ್ತದೆ. ಬಾರಿಸಿದರೆ ಹಳೆಯ ಕಂಚು ಸವೆಯುತ್ತದೆ, ಬಿರುಕೂ ಬಿಡಬಹುದು. ಬಿಡಲಿ.

ಗಂಟೆಗಳು ಬಂದ ದಿನಕ್ಕೆ ಒಂದು ಹೊಂದಿಕೆಯಿತ್ತು. ಫಿಲಿಪ್ಪೀನ್ಸಿನಲ್ಲಿ ಕ್ರಿಸ್‌ಮಸ್ಸಿಗೆ ಮುಂಚೆ ಡಿಸೆಂಬರ್ 16ರಿಂದ 24ರವರೆಗೆ ಒಂಬತ್ತು ದಿನ ನಸುಕಿನಲ್ಲೇ ಪೂಜೆ ನಡೆಯುತ್ತದೆ. ಅದನ್ನು ಸಿಂಬಾಂಗ್ ಗಾಬಿ ಎನ್ನುತ್ತಾರೆ. ಹೊಲಕ್ಕೂ ಕಡಲಿಗೂ ಹೋಗುವವರು ಬೆಳಕು ಹರಿಯುವ ಮುನ್ನ ಪೂಜೆ ಮುಗಿಸಿ ಹೋಗಲೆಂದು ಹುಟ್ಟಿದ ರೂಢಿ ಅದು. ಗಂಟೆಗಳು ಊರಿಗೆ ಬಂದ ಮರುದಿನವೇ ಒಂಬತ್ತರ ಮೊದಲ ದಿನವಾಗಿತ್ತು. ಆ ನಸುಕಿನಲ್ಲಿ, 1901ರ ಬಳಿಕ ಮೊದಲ ಬಾರಿಗೆ, ಬಲಂಗಿಗಾದವರು ತಮ್ಮ ಗಂಟೆಗಳ ದನಿ ಕೇಳಿ ಎದ್ದು ಚರ್ಚಿನ ಕಡೆಗೆ ನಡೆದರು.